ಇಪ್ಪತ್ನಾಲ್ಕನೇ ಪೋರ್ಟಿನ ಚೀಟಿ

ಕೊರೊನಾ ಲಾಕ್‌ಡೌನ್ ಮುಗಿದ ಎರಡನೇ ವರ್ಷ. ಆಗ ನಾನು ಯಾದಗಿರಿಯ ಒಂದು ಸಣ್ಣ ನೆಟ್‌ವರ್ಕ್ ಸೇವಾ ಸಂಸ್ಥೆಯಲ್ಲಿ ಹಿರಿಯ ಎಂಜಿನಿಯರ್ ಆಗಿದ್ದೆ. ಹಿರಿಯ ಎಂದರೆ ದೊಡ್ಡ ಹುದ್ದೆ ಎಂದು ತಿಳಿಯಬೇಡಿ. ಸಂಸ್ಥೆಯಲ್ಲಿ ಎಂಜಿನಿಯರುಗಳಿದ್ದದ್ದೇ ಇಬ್ಬರು, ಅದರಲ್ಲಿ ನನಗೆ ವಯಸ್ಸು ಜಾಸ್ತಿ. ಯಾದಗಿರಿ, ಶಹಾಪುರ, ಸುರಪುರ ಈ ಮೂರು ತಾಲ್ಲೂಕುಗಳಲ್ಲಿ ಹನ್ನೊಂದು ಕಡೆಯ ಕಂಪ್ಯೂಟರ್ ಜಾಲಗಳ ಉಸ್ತುವಾರಿ ನನ್ನ ತಲೆಯ ಮೇಲಿತ್ತು. ಎಲ್ಲಿಯೇ ನೆಟ್ ನಿಂತರೂ ನನ್ನ ಫೋನು ಹೊಡೆದುಕೊಳ್ಳುತ್ತಿತ್ತು. ನನ್ನದು ಮೊದಲೇ ಮುಂಗೋಪದ ಸ್ವಭಾವ. ಆ ಫೋನು ಅದನ್ನು ಇನ್ನಷ್ಟು ಬೆಳೆಸಿತು.

ನಾನು ಹೇಳಹೊರಟಿರುವುದು ಶಹಾಪುರದ ಒಂದು ಖಾಸಗಿ ಆಸ್ಪತ್ರೆಯಲ್ಲಿ ಮೂರು ದಿನ ನಡೆದ ಸಂಗತಿ. ಆ ಮೂರು ದಿನದ ಸಿಟ್ಟಿನಲ್ಲಿ ನಾನು ಬರೆದ ಒಂದೇ ಒಂದು ಸಾಲು, ಅಲ್ಲಿ ಹನ್ನೊಂದು ವರ್ಷ ಆಯಾ ಕೆಲಸ ಮಾಡಿದ್ದ ಭೀಮಬಾಯಿ ಎಂಬ ಹೆಣ್ಣುಮಗಳ ಕಾಯಂ ನೌಕರಿಗೆ ಅಡ್ಡ ಬಂತು. ಆ ಸಾಲನ್ನು ಈಗ ನೆನೆಸಿಕೊಂಡರೂ ನನಗೆ ನನ್ನ ಮೇಲೆಯೇ ರೇಗುತ್ತದೆ.

ಮೊದಲು ಆಸ್ಪತ್ರೆಯ ಜಾಲ ಹೇಗಿತ್ತೆಂದು ಹೇಳುತ್ತೇನೆ. ಆಸ್ಪತ್ರೆಗೆ ಎರಡು ಕಟ್ಟಡ. ಹಳೆಯ ಕಟ್ಟಡದಲ್ಲಿ ನೋಂದಣಿ, ಹೊರರೋಗಿ ವಿಭಾಗ, ಔಷಧಿ ಅಂಗಡಿ. ಹೊಸ ಕಟ್ಟಡದಲ್ಲಿ ಲ್ಯಾಬ್ ಮತ್ತು ವಾರ್ಡುಗಳು. ಒಂದೊಂದು ಕಟ್ಟಡದಲ್ಲೂ ಒಂದೊಂದು ಸ್ವಿಚ್ ಇತ್ತು. ಇದು ದೀಪ ಹಚ್ಚುವ ಸ್ವಿಚ್ ಅಲ್ಲ, ಸಾಲಾಗಿ ಇಪ್ಪತ್ನಾಲ್ಕು ಕಿಂಡಿಗಳಿರುವ ಚಪ್ಪಟೆ ಪೆಟ್ಟಿಗೆ. ಕಿಂಡಿಗೆ ಪೋರ್ಟ್ ಎನ್ನುತ್ತೇವೆ. ಕಂಪ್ಯೂಟರುಗಳ ಕೇಬಲ್‌ಗಳೆಲ್ಲ ಬಂದು ಈ ಪೋರ್ಟುಗಳಿಗೆ ಸೇರುತ್ತವೆ. ಎರಡು ಕಟ್ಟಡಗಳನ್ನು ಕೂಡಿಸಲು ನಾನು ಎರಡು ಕೇಬಲ್ ಎಳೆಸಿದ್ದೆ. ಇಪ್ಪತ್ಮೂರನೇ ಪೋರ್ಟಿನದು ನಡುವಿನ ಓಣಿಯ ಸೂರಿನ ಕೆಳಗೆ, ಇಪ್ಪತ್ನಾಲ್ಕನೆಯದು ಮಾಳಿಗೆಯ ಮೇಲಿಂದ. ಒಂದನ್ನು ಇಲಿ ಕಡಿದರೆ ಇನ್ನೊಂದು ಇರಲಿ ಎಂಬ ಲೆಕ್ಕಾಚಾರ.

ಆದರೆ ಎರಡು ಸ್ವಿಚ್‌ಗಳ ನಡುವೆ ಎರಡು ದಾರಿ ತೆರೆದಿದ್ದರೆ ಒಂದು ಅಪಾಯವಿದೆ. ಯಾವುದೋ ಕಂಪ್ಯೂಟರ್ ‘ಈ ವಿಳಾಸ ಯಾರದು?’ ಎಂದು ಎಲ್ಲರನ್ನೂ ಕೂಗಿ ಕೇಳುತ್ತದೆ ಎನ್ನಿ. ಸ್ವಿಚ್ ಆ ಕೂಗನ್ನು ಬಂದ ಪೋರ್ಟ್ ಒಂದನ್ನು ಬಿಟ್ಟು ಉಳಿದ ಎಲ್ಲ ಪೋರ್ಟುಗಳಿಗೂ ದಾಟಿಸುತ್ತದೆ. ಕೂಗು ಮೊದಲ ಕೇಬಲ್‌ನಲ್ಲಿ ಆಚೆ ಕಟ್ಟಡಕ್ಕೆ ಹೋಗಿ, ಎರಡನೇ ಕೇಬಲ್‌ನಲ್ಲಿ ವಾಪಸ್ ಬರುತ್ತದೆ. ಬಂದದ್ದು ಹೊಸ ಕೂಗೆಂದು ತಿಳಿದು ಸ್ವಿಚ್ ಮತ್ತೆ ಎಲ್ಲರಿಗೂ ದಾಟಿಸುತ್ತದೆ. ಈಥರ್ನೆಟ್ ಎಂಬ ಈ ಬಗೆಯ ಕೇಬಲ್ ಜಾಲದಲ್ಲಿ ಹೀಗೆ ಸುತ್ತುವ ಮಾತಿಗೆ ಆಯುಷ್ಯದ ಮಿತಿಯೇ ಇಲ್ಲ. ಸುತ್ತುತ್ತಲೇ ಇರುತ್ತದೆ, ಒಂದು ಹತ್ತಾಗುತ್ತದೆ, ಹತ್ತು ಸಾವಿರವಾಗುತ್ತದೆ. ಕೆಲವೇ ಸೆಕೆಂಡುಗಳಲ್ಲಿ ಇಡೀ ಜಾಲ ಉಸಿರುಗಟ್ಟಿ ನಿಲ್ಲುತ್ತದೆ. ಇದಕ್ಕೆ ಲೂಪ್ ಎನ್ನುತ್ತೇವೆ.

ಲೂಪ್ ಆಗದಂತೆ ತಡೆಯಲು ಸ್ವಿಚ್‌ನ ಒಳಗೇ ಸ್ಪ್ಯಾನಿಂಗ್ ಟ್ರೀ ಪ್ರೋಟೋಕಾಲ್ ಎಂಬ ವ್ಯವಸ್ಥೆ ಇದೆ. ಸ್ವಿಚ್‌ಗಳು ಎರಡೆರಡು ಸೆಕೆಂಡಿಗೆ ಒಂದಕ್ಕೊಂದು ಪುಟ್ಟ ಸಂದೇಶ ಕಳಿಸಿಕೊಂಡು, ತಮ್ಮಲ್ಲಿ ಒಂದನ್ನು ಬೇರು ಎಂದು ಆರಿಸುತ್ತವೆ. ಬೇರಿಗೆ ಹೋಗುವ ಒಂದು ದಾರಿಯನ್ನು ತೆರೆದಿಟ್ಟು, ಹೆಚ್ಚಿನ ದಾರಿಯನ್ನು ತಾವಾಗಿಯೇ ಮುಚ್ಚುತ್ತವೆ. ಕೇಬಲ್ ಅಲ್ಲಿಯೇ ಇರುತ್ತದೆ, ಆದರೆ ಮಾತು ದಾಟುವುದಿಲ್ಲ. ತೆರೆದ ದಾರಿ ಕೆಟ್ಟರೆ ಮಾತ್ರ ಮುಚ್ಚಿದ್ದು ತೆರೆದುಕೊಳ್ಳುತ್ತದೆ. ಇಷ್ಟು ಜಾಣ ವ್ಯವಸ್ಥೆ ಇದ್ದರೂ ಆಸ್ಪತ್ರೆ ಮೂರು ದಿನ ಯಾಕೆ ನಿಂತಿತು ಎಂದರೆ, ಅದನ್ನು ಆರು ತಿಂಗಳ ಹಿಂದೆ ನಾನೇ ಆಫ್ ಮಾಡಿದ್ದೆ.

ಅದು ಬೇಸಿಗೆ. ಶಹಾಪುರದಲ್ಲಿ ಕರೆಂಟು ದಿನಕ್ಕೆ ನಾಲ್ಕೈದು ಸಲ ಹೋಗಿ ಬರುತ್ತಿತ್ತು. ಸ್ಪ್ಯಾನಿಂಗ್ ಟ್ರೀಯ ಹಳೆಯ ಪದ್ಧತಿಯಲ್ಲಿ ಒಂದು ಪೋರ್ಟಿಗೆ ಕಂಪ್ಯೂಟರ್ ಜೋಡಣೆಯಾದ ಕೂಡಲೇ ಮಾತು ಬಿಡುವುದಿಲ್ಲ. ಹದಿನೈದು ಸೆಕೆಂಡು ಆಲಿಸುತ್ತದೆ, ಹದಿನೈದು ಸೆಕೆಂಡು ಕಲಿಯುತ್ತದೆ, ಆಮೇಲೆ ಬಿಡುತ್ತದೆ. ಆ ಮೂವತ್ತು ಸೆಕೆಂಡಿನಲ್ಲಿ ನೋಂದಣಿ ಕೌಂಟರಿನ ತಂತ್ರಾಂಶ ಸರ್ವರ್ ಸಿಗದೆ ಮುನಿಸಿಕೊಂಡು ನಿಂತುಬಿಡುತ್ತಿತ್ತು. ಕೌಂಟರಿನ ಆಪರೇಟರ್ ಮೌನೇಶ ನನಗೆ ಫೋನು ಮಾಡುತ್ತಿದ್ದ. ಮೂವತ್ತರ ಆಸುಪಾಸಿನ ಮನುಷ್ಯ, ಕೆಲಸದಲ್ಲಿ ಚುರುಕು, ತಾಳ್ಮೆಯಲ್ಲಿ ನನ್ನ ಹಾಗೆಯೇ.

“ಮೇಡಂ, ಮತ್ತ ನಿಂತಾದ್ರಿ. ಮಂದಿ ನನ್ನ ತಲಿ ತಿನ್ನಾಕತ್ಯಾರ.”

ಸರಿಯಾದ ಪರಿಹಾರ ನನಗೆ ಗೊತ್ತಿತ್ತು. ಬರೀ ಕಂಪ್ಯೂಟರ್ ಇರುವ ಪೋರ್ಟುಗಳಿಗೆ ‘ಇಲ್ಲಿ ಕಾಯಬೇಕಾಗಿಲ್ಲ’ ಎಂದು ಒಂದೊಂದಾಗಿ ಹೇಳಿಕೊಡಬೇಕು. ಹಳೆಯ ಪದ್ಧತಿ ಬಿಟ್ಟು ಅದೇ ಸ್ವಿಚ್‌ನಲ್ಲಿರುವ ರ‍್ಯಾಪಿಡ್ ಎಂಬ ಹೊಸ ಪದ್ಧತಿಗೆ ಹೊರಳಬೇಕು. ಎರಡೂ ಕಟ್ಟಡ ಸೇರಿ ಒಂದೂವರೆ ಗಂಟೆಯ ಕೆಲಸ. ಆ ದಿನ ಸುರಪುರದ ಒಂದು ಕಾಲೇಜಿನಲ್ಲಿ ಲ್ಯಾಬು ನಿಂತಿತ್ತು, ಅವರು ನನ್ನ ದಾರಿ ಕಾಯುತ್ತಿದ್ದರು. ನಾನು ಸುಲಭದ ದಾರಿ ಹಿಡಿದೆ. ಎರಡೂ ಸ್ವಿಚ್‌ಗಳಲ್ಲಿ ಸ್ಪ್ಯಾನಿಂಗ್ ಟ್ರೀ ಆಫ್ ಮಾಡಿದೆ. ಲೂಪ್ ಆಗಬಾರದಲ್ಲ, ಅದಕ್ಕೆ ಹಳೆಯ ಕಟ್ಟಡದ ಸ್ವಿಚ್‌ನಲ್ಲಿ ಇಪ್ಪತ್ನಾಲ್ಕನೇ ಪೋರ್ಟಿನ ಕೇಬಲ್ ಕಿತ್ತು ತೂಗುಬಿಟ್ಟೆ. ಮುಂದಿನ ವಾರ ಬಂದು ಸರಿಯಾಗಿ ಮಾಡಿದರಾಯಿತು ಎಂದುಕೊಂಡೆ. ಆ ಮುಂದಿನ ವಾರ ಬರಲೇ ಇಲ್ಲ.

ಮೌನೇಶನಿಗೆ ತಿಳಿಯಲೆಂದು ಒಂದು ಮಾತು ಹೇಳಿದ್ದೆ. “ನೋಡು, ಎರಡು ಕಟ್ಟಡಕ್ಕ ಎರಡು ಬಾಗಲಾ ಅದಾವ ಅನ್ಕೋ. ಒಂದು ತಗದಿರಬೇಕು. ಎರಡನೇದು ಹಾಕೇ ಇರಬೇಕು. ಎರಡೂ ತಗದ್ರ ದವಾಖಾನಿ ಮುಳುಗ್ತದ.” ಅವನು ತಲೆಯಾಡಿಸಿದ. ನೆನಪಿರಲಿ ಎಂದು ಔಷಧಿ ಡಬ್ಬಿಯ ರಟ್ಟು ಹರಿದು, ಹೇಳಿದ್ದನ್ನೇ ಚುಟುಕಾಗಿ ಬರೆದು, ಬ್ಯಾಂಡೇಜಿನ ಎಳೆಯಿಂದ ಆ ಕೇಬಲ್ಲಿನ ತುದಿಗೆ ಕಟ್ಟಿದೆ. ಸ್ವಿಚ್ ಇರುವ ರ‍್ಯಾಕಿನ ಬಾಗಿಲಿಗೆ ಬೀಗ ಹಾಕಿ, ಬೀಗದ ಕೈ ಮೌನೇಶನಿಗೆ ಕೊಟ್ಟು, ಸುರಪುರದ ಬಸ್ ಹತ್ತಿದೆ.

ಆರು ತಿಂಗಳು ಏನೂ ಆಗಲಿಲ್ಲ. ದೀಪಾವಳಿಗೆ ಮೂರು ವಾರ ಇರುವಾಗ ರ‍್ಯಾಕಿನ ಫ್ಯಾನು ಕೆಟ್ಟಿತು. ಒಳಗೆ ಬಿಸಿಯಾಗುತ್ತದೆಂದು ಮೌನೇಶ ರ‍್ಯಾಕಿನ ಬಾಗಿಲು ತೆರೆದಿಟ್ಟು ಮುಂದೊಂದು ಟೇಬಲ್ ಫ್ಯಾನು ಇಟ್ಟ. ಬಾಗಿಲು ತೆರೆದ ಮೇಲೆ ಧೂಳು. ಆಡಳಿತಾಧಿಕಾರಿ ಶಿವಶರಣಪ್ಪನವರು ಆ ಕೋಣೆಯನ್ನು ದಿನಾ ಮುಂಜಾನೆ ಗುಡಿಸಬೇಕೆಂದು ಆಯಾ ಭೀಮಬಾಯಿಗೆ ಹೇಳಿದರು. ಇದಿಷ್ಟೂ ನನಗೆ ತಿಳಿದದ್ದು ಆಮೇಲೆ.

ಮೊದಲನೇ ದಿನ ಬೆಳಿಗ್ಗೆ ಎಂಟಕ್ಕೆ ಮೌನೇಶನ ಫೋನು ಬಂತು. “ಮೇಡಂ, ಎಲ್ಲಾ ಬಂದ್ ಆಗ್ಯಾದ್ರಿ. ಸ್ವಿಚ್ ಎರಡು ಸಲ ಆರಿಸಿ ಹಚ್ಚೀನಿ. ಎರಡು ನಿಮಿಷ ಬರ್ತದ, ಮತ್ತ ಹೋಗ್ತದ.”

ಯಾದಗಿರಿಯಿಂದ ಬಸ್ ಹಿಡಿದು, ಭೀಮಾ ಸೇತುವೆ ದಾಟಿ, ಶಹಾಪುರ ಮುಟ್ಟುವಷ್ಟರಲ್ಲಿ ಹತ್ತು ದಾಟಿತ್ತು. ನೋಂದಣಿಯ ಮುಂದೆ ಸಾಲು ಗೇಟಿನ ತನಕ ಬಂದಿತ್ತು. ಕೆಂಭಾವಿಯ ಮೊದಲ ಬಸ್ಸಿಗೆ ಬಂದವರು ಮಕ್ಕಳನ್ನು ತೊಡೆಯ ಮೇಲೆ ಹಾಕಿಕೊಂಡು ನೆಲದ ಮೇಲೆ ಕೂತಿದ್ದರು. ಲ್ಯಾಬಿನಲ್ಲಿ ಯಾರಿಗೆ ಯಾವ ಪರೀಕ್ಷೆ ಎಂಬುದು ಕಾಣಿಸುತ್ತಿರಲಿಲ್ಲ, ನರ್ಸುಗಳು ಕೈಬರಹದ ಚೀಟಿ ಹಿಡಿದು ಎರಡು ಕಟ್ಟಡಗಳ ನಡುವೆ ಓಡುತ್ತಿದ್ದರು. ಸ್ವಿಚ್‌ನ ಎಲ್ಲ ದೀಪಗಳೂ ಒಟ್ಟಿಗೆ ಹುಚ್ಚು ಹಿಡಿದ ಹಾಗೆ ಮಿಣುಕುತ್ತಿದ್ದವು. ಲೂಪ್ ಎಂದು ನೋಡಿದ ಕೂಡಲೇ ತಿಳಿಯಿತು. ಎಲ್ಲಿ ಎಂಬುದಷ್ಟೇ ತಿಳಿಯಬೇಕಿತ್ತು.

ಸ್ವಿಚ್ ತನ್ನೊಳಗೆ ದಿನಚರಿ ಬರೆದಿಡುತ್ತದೆ. ಅದಕ್ಕೆ ಲಾಗ್ ಎನ್ನುತ್ತೇವೆ. ಆ ಮಾದರಿಯ ಸ್ವಿಚ್‌ನಲ್ಲಿ ಆರಿಸಿದರೆ ಲಾಗ್ ಅಳಿಸಿಹೋಗುತ್ತದೆ. ಮೌನೇಶ ಅಷ್ಟರಲ್ಲಿ ಐದು ಸಲ ಆರಿಸಿದ್ದ. ಅವನಿಗೆ ಗೊತ್ತಿದ್ದ ಮದ್ದು ಅದೊಂದೇ. ಬಯ್ದೆ. ಬಯ್ದು, ಸಾಲಿನವರ ಗದ್ದಲ ಕಿವಿಗೆ ಬೀಳುತ್ತಿದ್ದ ಕಾರಣಕ್ಕೆ ಕೈಗೆ ಸಿಕ್ಕ ಕೇಬಲ್‌ಗಳನ್ನೆಲ್ಲ ಬಾಚಿ ಕಿತ್ತೆ. ಒಂದರಿಂದ ಇಪ್ಪತ್ಮೂರರ ತನಕ ನನ್ನ ಪಟ್ಟಿ ನೋಡಿಕೊಂಡು ಒಂದೊಂದಾಗಿ ವಾಪಸ್ ಹಾಕಿದೆ. ಚೀಟಿ ಕಟ್ಟಿದ ಕೇಬಲ್ ಗುಂಪಿನಲ್ಲಿ ತೂಗುತ್ತಿತ್ತು. ಅದು ತೂಗುತ್ತಲೇ ಇರಬೇಕಾದದ್ದು, ಅದಕ್ಕೆ ಬಿಟ್ಟೆ. ಜಾಲ ಸರಿಯಾಯಿತು. ಆ ಕೇಬಲ್ ಹೊರಗೇ ಇರುತ್ತದೆ ಎಂಬುದು ನನಗೆ ಎಷ್ಟು ಖಾತ್ರಿಯಿತ್ತೆಂದರೆ, ಕೀಳುವ ಮುಂಚೆ ಅದು ಒಳಗಿತ್ತೋ ಹೊರಗಿತ್ತೋ ಎಂದು ಒಂದು ಗಳಿಗೆಯೂ ನೋಡಲಿಲ್ಲ.

ಆ ಮಧ್ಯಾಹ್ನ ಭೀಮಬಾಯಿ ನನಗೆ ಚಾ ತಂದುಕೊಟ್ಟಳು. ನಲವತ್ತೈದರ ಹೆಂಗಸು. ತವರು ಸುರಪುರದ ಹತ್ತಿರದ ಬೋನಾಳ, ಮದುವೆಯಾಗಿ ಶಹಾಪುರಕ್ಕೆ ಬಂದವಳು. ಆಸ್ಪತ್ರೆಗೆ ಎಂಟೇ ಮಂಚ ಇದ್ದಾಗ ಕೆಲಸಕ್ಕೆ ಸೇರಿದವಳು, ಇನ್ನೂ ಗುತ್ತಿಗೆಯಲ್ಲೇ ಇದ್ದಳು.

“ಈ ದೀಪಾವಳಿಗಿ ನಾಕು ಮಂದೀನ ಕಾಯಂ ಮಾಡ್ತಾರಂತ್ರಿ, ಮೇಡಂ,” ಎಂದಳು. “ನಂದೂ ಹೆಸರು ಬರದಾರ. ಅದಕ್ಕ ಯಾವ ಕೆಲಸ ಹೇಳಿದ್ರೂ ಒಂದು ಕೂದಲು ಹೆಚ್ಚುಕಡಿಮಿ ಆಗಗೊಡ್ಲಾರ್ದ ಮಾಡಾಕತ್ತೇನ್ರಿ.”

ಒಳ್ಳೆಯದಾಗಲಿ ಎಂದು ಚಾ ಕುಡಿದು ಯಾದಗಿರಿಗೆ ಹೊರಟೆ.

ಎರಡನೇ ದಿನ ಎಂಟಕ್ಕೇ ಮತ್ತೆ ಅದೇ ಫೋನು, ಅದೇ ಬಸ್, ಅದೇ ಮಿಣುಕುವ ದೀಪಗಳು. ಈ ಸಲ ಸಾಲಿನವರು ನನ್ನ ಮುಖ ಗುರುತು ಹಿಡಿದರು. ಒಬ್ಬ ಅಜ್ಜ “ನಿನ್ನಿ ಬಂದಾಕಿನೇ ಇವತ್ತೂ ಬಂದಾಳ” ಎಂದು ಪಕ್ಕದವನಿಗೆ ಹೇಳಿದ್ದು ಕೇಳಿಸಿತು. ಹೊಸ ಕಟ್ಟಡದಲ್ಲಿ ಹುಡುಕಾಡಿದೆ. ನರ್ಸುಗಳ ಮೇಜಿನ ಕೆಳಗೆ ಯಾರೋ ತಂದಿಟ್ಟ ಐದು ಪೋರ್ಟಿನ ಅಗ್ಗದ ಸ್ವಿಚ್ ಸಿಕ್ಕಿತು. ಕಳ್ಳ ಸಿಕ್ಕನೆಂದು ಕಿತ್ತುಕೊಂಡು ಬಂದೆ. ಆಮೇಲೆ ಹಳೆಯ ಕಟ್ಟಡದಲ್ಲಿ ಮತ್ತೆ ಎಲ್ಲ ಕೇಬಲ್ ಬಾಚಿ ಕಿತ್ತು, ಇಪ್ಪತ್ಮೂರರ ತನಕ ಹಾಕಿದೆ. ಸರಿಯಾಯಿತು. ಆ ಅಗ್ಗದ ಸ್ವಿಚ್ಚನ್ನು ಶಿವಶರಣಪ್ಪನವರ ಮೇಜಿನ ಮೇಲೆ ಕುಕ್ಕಿ, ಇಂಥದ್ದನ್ನೆಲ್ಲ ತರಿಸಿದರೆ ಹೀಗೇ ಆಗುವುದು ಎಂದು ಹತ್ತು ನಿಮಿಷ ಪಾಠ ಹೇಳಿದೆ. ಅವರು ಕೇಳಿಸಿಕೊಂಡರು, ಪಾಪ. ಆ ಸ್ವಿಚ್ ಯಾರಿಗೂ ಏನೂ ಮಾಡಿರಲಿಲ್ಲ.

ಮೂರನೇ ದಿನ ಫೋನು ಬಂದಾಗ ನಾನು ಹಲ್ಲು ಕಚ್ಚಿಕೊಂಡು ಒಂದೇ ಮಾತು ಹೇಳಿದೆ. “ಸ್ವಿಚ್ ಆರಿಸಬ್ಯಾಡ ಮೌನೇಶ. ದವಾಖಾನಿ ಹತ್ತಿ ಉರೀಲಿ, ನಾ ಬರೂತನಕ ಮುಟ್ಟಬ್ಯಾಡ.” ಅವನು ಮುಟ್ಟಲಿಲ್ಲ. ಮೊದಲನೇ ದಿನವೇ ಈ ಬುದ್ಧಿ ನನಗೆ ಬಂದಿದ್ದರೆ ಎರಡು ದಿನದ ಫಜೀತಿ ತಪ್ಪುತ್ತಿತ್ತು.

ಲ್ಯಾಪ್‌ಟಾಪನ್ನು ನೇರ ಸ್ವಿಚ್‌ಗೆ ಜೋಡಿಸಿ ಲಾಗ್ ತೆರೆದೆ. ಏಳು ಗಂಟೆ ನಲವತ್ತೊಂದು ನಿಮಿಷಕ್ಕೆ ಒಂದು ಸಾಲು ಇತ್ತು: ಪೋರ್ಟ್ ಇಪ್ಪತ್ನಾಲ್ಕು ಚಾಲೂ. ಅದರ ಕೆಳಗೆ ಒಂದೇ ಕಂಪ್ಯೂಟರಿನ ವಿಳಾಸ ಇಪ್ಪತ್ಮೂರರಲ್ಲೂ ಇಪ್ಪತ್ನಾಲ್ಕರಲ್ಲೂ ಕಾಣಿಸುತ್ತಿದೆ ಎಂಬ ಸಾಲುಗಳು ಪುಟಗಟ್ಟಲೆ ಇದ್ದವು. ತಲೆಯೆತ್ತಿ ನೋಡಿದರೆ ಚೀಟಿಯ ಕೇಬಲ್ ಪೋರ್ಟಿನೊಳಗೆ ಗಟ್ಟಿಯಾಗಿ ಕೂತಿದೆ. ಯಾರೋ ಬೇಕೆಂದೇ ಹಾಕಿದ್ದಾರೆ. ಸಿಟ್ಟಿನಲ್ಲಿ ಅದನ್ನು ಕಿತ್ತು ತೂಗುಬಿಟ್ಟೆ, ಜಾಲ ಸರಿಯಾಯಿತು.

ಶಿವಶರಣಪ್ಪನವರು ಓಣಿಯ ಕ್ಯಾಮೆರಾ ನೋಡಿಸಿದರು. ಪುಣ್ಯಕ್ಕೆ ಅದರ ವೈರು ನಮ್ಮ ಜಾಲದ್ದಲ್ಲ. ಮೂರೂ ದಿನ ಏಳೂವರೆಯ ಸುಮಾರಿಗೆ ಆ ಕೋಣೆಗೆ ಹೋದವಳು ಭೀಮಬಾಯಿ ಒಬ್ಬಳೇ. ಕೈಯಲ್ಲಿ ಕಸಬರಗಿ. ಅವಳನ್ನು ಕರೆಸಿದರು. ಅವರ ಕೋಣೆಯಲ್ಲಿ ಆಗ ನಾನು, ಅವರು, ಮೌನೇಶ, ಬಾಗಿಲ ಬಳಿ ಇಣುಕುವ ನಾಲ್ಕೈದು ಜನ.

“ವಾಯರ್ ಮುಟ್ಟೀಯೇನು?” ಎಂದೆ.

“ಹೌದ್ರಿ ಮೇಡಂ. ಬಿದ್ದಿತ್ತು, ಹಾಕೀನಿ.”

“ಮೂರೂ ದಿನ?”

“ಮೂರೂ ದಿನ ಹಾಕೀನ್ರಿ. ದಿನಾ ಯಾರೋ ತಗದು ಇಡ್ತಿದ್ರು.”

ಆ ಯಾರೋ ನಾನೇ ಎಂಬುದು ನನ್ನ ಸಿಟ್ಟಿಗೆ ತುಪ್ಪ ಸುರಿಯಿತು. “ನಿನಗ ಯಾರು ಹೇಳಿದ್ರು ಹಾಕಂತ? ಓದಾಕ ಬರೂದಿಲ್ಲಂದ್ರ ಸುಮ್ಮನ ಇರಬೇಕು. ಮೂರು ದಿನ ಇಷ್ಟು ಮಂದಿ ನರಳ್ಯಾರ ನಿನ್ನ ಕೈಲಿಂದ.”

“ಮೇಡಂ, ನೀವ…” ಎಂದು ಅವಳು ಶುರು ಮಾಡಿದಳು. ನಾನು ಮುಗಿಸಗೊಡಲಿಲ್ಲ, ಹೊರಗೆ ಹೋಗು ಎಂದೆ.

ಶಿವಶರಣಪ್ಪನವರು ಕೆಟ್ಟವರಲ್ಲ. ಮೂರು ದಿನ ಅವರೂ ಎಲ್ಲರಿಂದ ಮಾತು ಕೇಳಿದ್ದರು. “ಕಾಯಂ ಲಿಸ್ಟಿನಾಗ ಇಕಿ ಹೆಸರಾದ,” ಎಂದರು. “ಲಿಸ್ಟ್ ಇವತ್ತ ಟ್ರಸ್ಟಿಗಿ ಕಳಸೂದಾದ. ಏನಾಗ್ಯಾದ ಅಂತ ನೀವು ಬರದು ಕೊಡ್ರಿ, ಮೇಡಂ. ಮುಂದ ನಾ ಜವಾಬ್ ಹೇಳಬೇಕಾಗ್ತದ.”

ಬರೆದರೆ ಏನಾಗುತ್ತದೆ ಎಂಬುದು ನನಗೆ ಆಗಲೇ ಗೊತ್ತಿತ್ತು. ಇದನ್ನು ಮುಚ್ಚಿಡುವುದರಲ್ಲಿ ಅರ್ಥವಿಲ್ಲ. ನಮ್ಮ ಸಂಸ್ಥೆಯ ಹೆಸರಿನ ಹಾಳೆಯ ಮೇಲೆ ಬರೆದೆ: ‘ಸ್ವಚ್ಛತಾ ಸಿಬ್ಬಂದಿಯ ಅನಧಿಕೃತ ಹಸ್ತಕ್ಷೇಪದಿಂದ ಜಾಲ ಸ್ಥಗಿತಗೊಂಡಿತ್ತು.’ ಸಹಿ ಹಾಕಿ ಕೊಟ್ಟೆ. ಅವರು ಫೋನಿನಲ್ಲಿ ಅದರ ಫೋಟೊ ಹಿಡಿದು, ಆಸ್ಪತ್ರೆ ನಡೆಸುವ ಟ್ರಸ್ಟಿಗೆ ಕಳಿಸಿದರು. ಎರಡು ನಿಮಿಷದ ಕೆಲಸ.

ಆಮೇಲೆ ಲ್ಯಾಪ್‌ಟಾಪ್ ತೆಗೆದುಕೊಳ್ಳಲು ಸ್ವಿಚ್ ಕೋಣೆಗೆ ಬಂದೆ. ಹಿಂದೆಯೇ ಭೀಮಬಾಯಿ ಬಂದಳು. ಅಳುತ್ತಿರಲಿಲ್ಲ. ಮುಖ ಕೆಂಪಗಾಗಿತ್ತು.

“ನನಗ ಓದಾಕ ಬರ್ತದ್ರಿ,” ಎಂದಳು. “ಬೋನಾಳ ಸಾಲ್ಯಾಗ ನಾಕನೇತ್ತ ಕಲತೀನಿ. ಓದೇ ಹಾಕೀನ್ರಿ.”

ರ‍್ಯಾಕಿನೊಳಗೆ ಕೈಯಿಟ್ಟು, ಕೇಬಲ್ಲಿಗೆ ಕಟ್ಟಿದ್ದ ರಟ್ಟನ್ನು ನನ್ನ ಕಡೆಗೆ ತಿರುಗಿಸಿ ಹಿಡಿದಳು. ಅಕ್ಷರದ ಕೆಳಗೆ ಬೆರಳಿಟ್ಟು, ಶಾಲೆಯಲ್ಲಿ ಓದುವ ಹಾಗೆ ಬಿಡಿಸಿ ಓದಿದಳು.

“ನಂಬರ್ ಎರಡು. ಹಾಕಿಯೇ ಇರಬೇಕು. ಯಾರೂ ತೆಗೆಯಬಾರದು.”

ಓದಿ, ನನ್ನ ಮುಖ ನೋಡಿದಳು. “ಅಕ್ಷರ ನಿಮ್ಮದಲ್ಲೇನ್ರಿ?”

ಅಕ್ಷರ ನನ್ನದೇ. ಬರೆಯುವಾಗ ನನ್ನ ತಲೆಯಲ್ಲಿ ಬಾಗಿಲಿತ್ತು. ನಮ್ಮ ಮಾತಿನಲ್ಲಿ ಬಾಗಿಲು ಹಾಕುವುದೆಂದರೆ ಮುಚ್ಚುವುದು, ತೆಗೆಯುವುದೆಂದರೆ ತೆರೆಯುವುದು. ಎರಡನೇ ಬಾಗಿಲು ಮುಚ್ಚಿಯೇ ಇರಲಿ, ಯಾರೂ ತೆರೆಯಬೇಡಿ ಎಂದು ಬರೆದಿದ್ದೆ. ಆದರೆ ಚೀಟಿ ಕಟ್ಟಿದ್ದು ಬಾಗಿಲಿಗಲ್ಲ, ಕೇಬಲ್ಲಿಗೆ. ಕೇಬಲ್ ಹಾಕುವುದೆಂದರೆ ಪೋರ್ಟಿನೊಳಗೆ ಕೂಡಿಸುವುದು, ತೆಗೆಯುವುದೆಂದರೆ ಕೀಳುವುದು. ಮುಂಜಾನೆ ಕಸ ಹೊಡೆಯಲು ಬಂದವಳು, ಹಾಕಿಯೇ ಇರಬೇಕು ಎಂಬ ಚೀಟಿ ಹೊತ್ತ ಕೇಬಲ್ ನೆಲಕ್ಕೆ ತೂಗುವುದನ್ನು ನೋಡಿ, ಪಕ್ಕದಲ್ಲಿ ಒಂದೇ ಒಂದು ಪೋರ್ಟು ಖಾಲಿ ಇರುವುದನ್ನು ನೋಡಿ, ಹಾಕಿದ್ದಾಳೆ. ನಾನು ಗುರುಮಠಕಲ್ ಕಡೆಯವಳು, ಮನೆಯಲ್ಲಿ ತೆಲುಗೂ ಆಡುತ್ತೇವೆ. ತೆಲುಗಿನಲ್ಲೂ ಬಾಗಿಲನ್ನು ಹೀಗೆಯೇ ಹಾಕುತ್ತೇವೆ, ತೆಗೆಯುತ್ತೇವೆ. ಎರಡೆರಡು ಭಾಷೆ ಬಲ್ಲ ನನಗೆ ಆರು ತಿಂಗಳಲ್ಲಿ ಒಮ್ಮೆಯೂ ಹೊಳೆಯಲಿಲ್ಲ. ಹೊಳೆಯಲು ಆ ಚೀಟಿಯನ್ನು ನಾನು ತಿರುಗಿ ಓದಿರಲೇ ಇಲ್ಲ. ಮೂರು ದಿನ ಅದು ನನ್ನ ಮೂಗಿನ ಮುಂದೆಯೇ ತೂಗುತ್ತಿತ್ತು.

ಶಿವಶರಣಪ್ಪನವರ ಕೋಣೆಗೆ ಓಡಿದೆ. ಆ ಕಾಗದ ವಾಪಸ್ ತೆಗೆದುಕೊಳ್ಳಿ, ತಪ್ಪು ನನ್ನದು ಎಂದೆ. ಅವರು ಕನ್ನಡಕ ತೆಗೆದು ಕಣ್ಣುಜ್ಜಿಕೊಂಡರು. “ಫೋನ್ ಬಂದಿತ್ತಲ್ರಿ ಮೇಡಂ. ಹೆಸರು ತಗದು ಹಾಕ್ಯಾರ. ನಾಕನೇ ಹೆಸರು ಬ್ಯಾರೇದು ಕೇಳ್ಯಾರ, ಕಳಸೀನಿ.”

ಅಲ್ಲಿಯೇ ಕೂತು ಎರಡನೇ ವರದಿ ಬರೆದೆ. ಇದು ಒಂದು ಸಾಲಿನದಲ್ಲ, ಎರಡು ಪುಟ. ಸ್ಪ್ಯಾನಿಂಗ್ ಟ್ರೀ ಆಫ್ ಮಾಡಿದ್ದು ನಾನು, ಅದಿದ್ದರೆ ಯಾರು ಯಾವ ಕೇಬಲ್ ಹಾಕಿದ್ದರೂ ಜಾಲ ನಿಲ್ಲುತ್ತಿರಲಿಲ್ಲ, ಎರಡರ್ಥದ ಚೀಟಿ ಬರೆದದ್ದು ನಾನು, ಸಿಬ್ಬಂದಿ ಲಿಖಿತ ಸೂಚನೆಯನ್ನು ಅಕ್ಷರಶಃ ಪಾಲಿಸಿದ್ದಾರೆ ಎಂದು ಬರೆದೆ. ನಮ್ಮ ಸಂಸ್ಥೆಯ ಮಾಲೀಕರು ಫೋನಿನಲ್ಲಿ ಇಷ್ಟೆಲ್ಲ ಯಾಕೆ ಒಪ್ಪಿಕೊಂಡಿರಿ ಎಂದು ಕೂಗಾಡಿದರು. ಕೂಗಾಡಲಿ ಎಂದು ಬಿಟ್ಟೆ. ಶಿವಶರಣಪ್ಪನವರು ಅದನ್ನೂ ಕಳಿಸಿದರು. “ನೋಡೂಣು,” ಎಂದರು. ಆ ಮಾತಿನಲ್ಲಿ ಬಲ ಇರಲಿಲ್ಲ.

ಆ ದಿನ ಮಧ್ಯಾಹ್ನ, ಆರು ತಿಂಗಳ ಹಿಂದೆ ಮಾಡಬೇಕಿದ್ದ ಒಂದೂವರೆ ಗಂಟೆಯ ಕೆಲಸವನ್ನು ಮಾಡಿದೆ. ರ‍್ಯಾಪಿಡ್ ಸ್ಪ್ಯಾನಿಂಗ್ ಟ್ರೀ ಚಾಲೂ ಮಾಡಿದೆ. ಕಂಪ್ಯೂಟರಿನ ಪೋರ್ಟುಗಳಿಗೆಲ್ಲ ಕಾಯಬೇಕಾಗಿಲ್ಲವೆಂದು ಹೇಳಿಕೊಟ್ಟೆ. ಭೀಮಬಾಯಿಯನ್ನು ಕರೆದು ಇಪ್ಪತ್ನಾಲ್ಕನೇ ಕೇಬಲ್ ಅವಳ ಕೈಗೇ ಕೊಟ್ಟೆ. ಅವಳು ಹಿಂದುಮುಂದು ನೋಡಿದಳು.

“ಹಾಕು,” ಎಂದೆ.

ಹಾಕಿದಳು. ಏನೂ ನಿಲ್ಲಲಿಲ್ಲ. ಎಲ್ಲ ಪೋರ್ಟುಗಳ ಮೇಲೆ ಹಸಿರು ದೀಪ, ಇಪ್ಪತ್ನಾಲ್ಕರ ಮೇಲೆ ಮಾತ್ರ ಕಿತ್ತಳೆ ಬಣ್ಣದ್ದು.

“ಇದು ಕೆಟ್ಟಾದೇನ್ರಿ?”

ಈ ಸಲ ನಿಧಾನವಾಗಿ ಹೇಳಿದೆ. ಕೆಟ್ಟಿಲ್ಲ, ವಾಯರ್ ಒಳಗಿದೆ, ಆದರೆ ಸ್ವಿಚ್ ತಾನಾಗಿಯೇ ಆ ಬಾಗಿಲು ಹಾಕಿಕೊಂಡು ಕೂತಿದೆ ಎಂದೆ. ಇಪ್ಪತ್ಮೂರನೇ ಕೇಬಲ್ ಕಿತ್ತು ತೋರಿಸಿದೆ. ಒಂದೆರಡು ಸೆಕೆಂಡಿನಲ್ಲಿ ಕಿತ್ತಳೆ ದೀಪ ಹಸಿರಾಯಿತು. ಕೌಂಟರಿನಿಂದ ಮೌನೇಶ “ಏನೂ ಆಗಿಲ್ರಿ, ನಡದದ” ಎಂದು ಕೂಗಿದ. ಇಪ್ಪತ್ಮೂರನ್ನು ವಾಪಸ್ ಹಾಕಿದೆ. ಇಪ್ಪತ್ನಾಲ್ಕು ಮತ್ತೆ ಕಿತ್ತಳೆಯಾಯಿತು.

ಭೀಮಬಾಯಿ ಕಿತ್ತಳೆ ದೀಪದ ಮೇಲೆ ಬೆರಳಿಟ್ಟಳು. “ಅಂದ್ರ ಈಗ ವಾಯರೂ ಹಾಕೀವಿ, ಬಾಗಲಾನೂ ಹಾಕೀವಿ.”

“ಹೌದು.”

“ಹಂಗಾರ ನಿಮ್ಮ ಚೀಟಿ ಈಗ ಖರೇ ಆತು ಬಿಡ್ರಿ.”

ಚೀಟಿಯನ್ನು ಹರಿದು ಹೊಸದು ಬರೆಯಬೇಕೆಂದು ರಟ್ಟು ತಂದಿಟ್ಟುಕೊಂಡಿದ್ದೆ. ಬರೆಯಲಿಲ್ಲ. ಹಳೆಯದೇ ಈಗ ಎರಡೂ ಅರ್ಥದಲ್ಲಿ ಸರಿಯಾಗಿತ್ತು.

ಈ ಕೆಲಸ ನನಗೆ ಕಲಿಸಿದ್ದು ಇಷ್ಟು. ಮನುಷ್ಯರು ಕೇಬಲ್ ಹಾಕುತ್ತಾರೆ, ತೆಗೆಯುತ್ತಾರೆ, ಅದು ಅವರ ತಪ್ಪಲ್ಲ. ಅವರು ಏನು ಮಾಡಿದರೂ ನಿಲ್ಲದ ಹಾಗೆ ಜಾಲ ಕಟ್ಟುವುದಕ್ಕೇ ನನ್ನಂಥವರಿಗೆ ಸಂಬಳ. ಸ್ವಿಚ್‌ನಲ್ಲಿದ್ದ ಕಾವಲನ್ನು ತೆಗೆದು, ಆ ಕಾವಲನ್ನು ಒಂದು ರಟ್ಟಿನ ಚೂರಿಗೆ ವಹಿಸಿ, ರಟ್ಟು ಕೈಕೊಟ್ಟಾಗ ಅದನ್ನು ಓದಿದವಳ ಮೇಲೆ ಹರಿಹಾಯ್ದೆ. ನಿವೃತ್ತಿಯಾಗುವ ತನಕ ಆಮೇಲೆ ನಾನು ಯಾವ ಸ್ವಿಚ್‌ನಲ್ಲೂ ಸ್ಪ್ಯಾನಿಂಗ್ ಟ್ರೀ ಆಫ್ ಮಾಡಲಿಲ್ಲ. ಯಾವ ವರದಿಯಲ್ಲೂ, ಅವರ ಮಾತು ಪೂರ್ತಿ ಕೇಳದೆ ಇನ್ನೊಬ್ಬರ ಹೆಸರು ಬರೆಯಲಿಲ್ಲ. ಎರಡನೆಯದು ಮೊದಲನೆಯದಕ್ಕಿಂತ ಕಷ್ಟವಾಯಿತು.

ದೀಪಾವಳಿಗೆ ಬಂದ ಕಾಯಂ ಪಟ್ಟಿಯಲ್ಲಿ ಭೀಮಬಾಯಿಯ ಹೆಸರಿರಲಿಲ್ಲ. ನನ್ನ ಎರಡು ಪುಟಗಳನ್ನು ಟ್ರಸ್ಟಿನವರು ಓದಿದ್ದರು, ಮುಂದಿನ ವರ್ಷ ನೋಡೋಣ ಎಂದಿದ್ದರು. ಮುಂದಿನ ವರ್ಷ ಅವಳು ಕಾಯಂ ಆದಳು ಎಂಬುದೂ ನಿಜ. ಆದರೆ ಅವಳ ಜೊತೆಗೆ ಪಟ್ಟಿಯಲ್ಲಿದ್ದ ಮೂವರಿಗಿಂತ ಅವಳು ಕಾಯಂ ಸೇವೆಯಲ್ಲಿ ಇವತ್ತಿಗೂ ಒಂದು ವರ್ಷ ಕಿರಿಯಳು.

ಆ ಮೊದಲ ಪಟ್ಟಿ ಬಂದ ವಾರದಲ್ಲಿ ನಾನು ಶಹಾಪುರಕ್ಕೆ ಹೋಗಿದ್ದೆ. ಅವಳು ಸ್ವಿಚ್ ಕೋಣೆಯಲ್ಲಿ ಕಸ ಹೊಡೆಯುತ್ತಿದ್ದಳು. ಬಸ್ಸಿನಲ್ಲಿ ಕೂಡಿಸಿಟ್ಟುಕೊಂಡು ಬಂದ ಮಾತುಗಳನ್ನೆಲ್ಲ ಹೇಳಿದೆ, ನನ್ನಿಂದ ತಪ್ಪಾಯಿತು ಎಂದೆ. ಅವಳು ಕಸಬರಗಿಯನ್ನು ಗೋಡೆಗೆ ಒರಗಿಸಿ, ರ‍್ಯಾಕಿನೊಳಗೆ ಕೈಹಾಕಿ, ಚೀಟಿಯ ಮೇಲೆ ಕೂತಿದ್ದ ಧೂಳನ್ನು ಸೆರಗಿನಿಂದ ಒರೆಸಿದಳು.

“ಹಾಕೇ ಇರಬೇಕು, ಯಾರೂ ತಗೀಬಾರದು ಅಂತ ವಾಯರಿಗಿ ಇಷ್ಟು ಚಂದ ಬರದು ಕಟ್ಟೀರಲ್ರಿ, ಮೇಡಂ,” ಎಂದಳು. “ನನ್ನ ಹೆಸರಿಗೂ ಇಂಥಾದೊಂದು ಕಟ್ಟಬೇಕಿತ್ತು.”